ಆರ್ ಎಂದರೆ ರೈಟ್ ಅಲ್ಲವೇ?

"ಆರ್ ಎಂದರೆ ರೈಟ್ ಅಲ್ಲವೇ ತಾಯಿ?"

ಬುಧವಾರ ಮಧ್ಯಾಹ್ನ ನಮ್ಮ ಲ್ಯಾಬಿನ ಕಿಟಕಿಯಾಚೆಯಿಂದ ಬಂದ ಪ್ರಶ್ನೆ ಇದು. ನಾನು ತಲೆ ಎತ್ತಲಿಲ್ಲ. ವಾರ್ಡುಗಳಿಂದ ಬಂದ ಸ್ಯಾಂಪಲ್‌ಗಳನ್ನು ರಿಜಿಸ್ಟರಿಗೆ ಏರಿಸುತ್ತಿದ್ದೆ. ಹದಿನೇಳು ವರ್ಷಗಳಿಂದ ನಾಲಿಗೆಗೆ ರೂಢಿಯಾದ ಉತ್ತರವೇ ಹೊರಗೆ ಬಂತು: "ರಿಪೋರ್ಟಿನ ವಿಷಯ ಡಾಕ್ಟರನ್ನೇ ಕೇಳಿ ಯಜಮಾನರೇ."

"ಆಯಿತು ತಾಯಿ" ಎಂದು ಅವರು ಹೊರಟರು. ನಾಲ್ಕು ಹೆಜ್ಜೆ ಹೋಗಿ ಕಂಬದ ಪಕ್ಕ ನಿಂತು ಮಗನಿಗೆ ಫೋನ್ ಮಾಡಿದರು. ಕಿವಿ ಮಂದವಾದವರ ಏರುದನಿ, ಕಾರಿಡಾರಿಗೆಲ್ಲ ಕೇಳಿಸಿತು. "ನಿಮ್ಮವ್ವನ ರಿಪೋರ್ಟ್ ಬಂತಪ್ಪ. ಹನ್ನೆರಡು ಔಷಧಿ ಇಟ್ಟು ನೋಡಿದ್ದಾರೆ. ಹನ್ನೊಂದಕ್ಕೆ ರೈಟ್ ಬಂದಿದೆ, ಒಂದಕ್ಕೆ ಮಾತ್ರ ಸ್ಟಾಪ್. ಏನೂ ಹೆದರಬೇಡ."

ನನ್ನ ಕೈಯಲ್ಲಿದ್ದ ಪೆನ್ನು ಅಲ್ಲೇ ನಿಂತಿತು.

ಅವರು ಮೂವತ್ತು ವರ್ಷಕ್ಕೂ ಮಿಕ್ಕಿ ಸರ್ಕಾರಿ ಬಸ್ಸಿನಲ್ಲಿ ಕಂಡಕ್ಟರ್ ಆಗಿದ್ದವರು ಎಂದು ಆಮೇಲೆ ತಿಳಿಯಿತು. ಹಿಂದಿನ ಬಾಗಿಲಿನಲ್ಲಿ ನಿಂತು "ರೈಟ್, ರೈಟ್" ಎಂದರೆ ಗಾಡಿ ಹೊರಡಬಹುದು. "ಸ್ಟಾಪ್" ಎಂದರೆ ನಿಲ್ಲಬೇಕು. ಕರ್ನಾಟಕದಲ್ಲಿ ಬಸ್ಸು ಹತ್ತಿದ ಯಾರಿಗೆ ಈ ಎರಡು ಮಾತು ಗೊತ್ತಿಲ್ಲ? ಕಾಗದದ ಮೇಲೆ ಆರ್ ಮತ್ತು ಎಸ್ ಎಂಬ ಎರಡೇ ಅಕ್ಷರಗಳನ್ನು ಕಂಡಾಗ ಅವರ ಮನಸ್ಸು ಸಹಜವಾಗಿ ಅಲ್ಲಿಗೇ ಹೋಗಿತ್ತು. ಅವರ ಓದಿನಲ್ಲಿ ತಪ್ಪಿರಲಿಲ್ಲ. ನಮ್ಮ ಕಾಗದ ಹೇಳುತ್ತಿದ್ದುದು ಮಾತ್ರ ಅದಕ್ಕೆ ಪೂರ್ತಿ ತಿರುಗುಮುರುಗು. ಆರ್ ಎಂದರೆ ಆ ಔಷಧಕ್ಕೆ ಈ ಬ್ಯಾಕ್ಟೀರಿಯಾ ಜಗ್ಗುವುದಿಲ್ಲ. ಎಸ್ ಎಂದರೆ ಜಗ್ಗುತ್ತದೆ. ಅವರು ಸಂತೋಷದಿಂದ ಎಣಿಸಿದ ಹನ್ನೊಂದೂ ಮುಚ್ಚಿದ ಬಾಗಿಲುಗಳು.

ಆ ವರದಿಯನ್ನು ಸಿದ್ಧಮಾಡಿದವಳು ನಾನೇ. ಸೋಮವಾರ ಬೆಳಿಗ್ಗೆ ಅವರ ಮನೆಯವರ ಮೂತ್ರದ ಸ್ಯಾಂಪಲ್ ಬಂದಿತ್ತು. ಆ ವಾರ್ಡಿನ ಕಿರಿಯ ವೈದ್ಯೆಯ ಬಗ್ಗೆ ಇಲ್ಲಿ ಹೇಳಲೇಬೇಕು. ಎಷ್ಟೇ ರಷ್ ಇದ್ದರೂ ಮೊದಲ ಇಂಜೆಕ್ಷನ್ ಕೊಡುವುದಕ್ಕೆ ಮುಂಚೆಯೇ ಕಲ್ಚರಿಗೆ, ಅಂದರೆ ಬ್ಯಾಕ್ಟೀರಿಯಾವನ್ನು ಬೆಳೆಸಿ ನೋಡುವ ಪರೀಕ್ಷೆಗೆ, ಸ್ಯಾಂಪಲ್ ಕಳಿಸುತ್ತಾರೆ. ಔಷಧ ಮೈಗೆ ಸೇರಿದ ಮೇಲೆ ತೆಗೆದ ಸ್ಯಾಂಪಲ್‌ನಲ್ಲಿ ಬ್ಯಾಕ್ಟೀರಿಯಾ ಬೆಳೆಯದೆಯೇ ಹೋಗಬಹುದು. ಆಗ ಕಾಯಿಲೆ ಇದ್ದರೂ ಪ್ಲೇಟು ಖಾಲಿ. ಇಷ್ಟು ಸಣ್ಣ ಶಿಸ್ತನ್ನು ಅನುಭವಿಗಳೇ ಮರೆಯುವುದನ್ನು ನೋಡಿ ನೋಡಿ, ಈ ಹುಡುಗಿಯ ಸಹಿ ಇರುವ ಫಾರಂ ಬಂದರೆ ನನಗೆ ಒಂದು ಬಗೆಯ ಗೌರವ ಮೂಡುತ್ತದೆ.

ಒಂದು ಮಿಲಿಲೀಟರಿನ ಸಾವಿರದಲ್ಲೊಂದು ಭಾಗ ಹಿಡಿಯುವ ತಂತಿಯ ಲೂಪಿನಿಂದ ಸ್ಯಾಂಪಲ್ಲನ್ನು ಪ್ಲೇಟಿನ ಮೇಲೆ ಗೀರಿ ಇಟ್ಟೆ. ಆ ಹನಿಯಿಂದ ನೂರು ಕಾಲೊನಿ, ಅಂದರೆ ಬ್ಯಾಕ್ಟೀರಿಯಾ ಬೆಳೆದು ಕಣ್ಣಿಗೆ ಕಾಣುವ ಗುಂಪು, ಎದ್ದರೆ ಒಂದು ಮಿಲಿಲೀಟರಿನಲ್ಲಿ ಒಂದು ಲಕ್ಷ ಬ್ಯಾಕ್ಟೀರಿಯಾ ಇದ್ದವು ಎಂದು ಲೆಕ್ಕ. ಮಂಗಳವಾರ ಬೆಳಿಗ್ಗೆ ನೋಡಿದರೆ ಎಣಿಸಲಾಗದಷ್ಟು ಹಳದಿ ಕಾಲೊನಿಗಳು, ಲೂಪ್ ತಾಗಿಸಿದರೆ ಲೋಳೆಯಂತೆ ಎಳೆಯುತ್ತಿದ್ದವು. ಕ್ಲೆಬ್ಸಿಯೆಲ್ಲಾ ಎಂಬ ಬ್ಯಾಕ್ಟೀರಿಯಾ ಇರಬೇಕು ಎಂದು ನೋಡಿದ ಕೂಡಲೇ ಅನಿಸಿತು, ಉಳಿದ ಪರೀಕ್ಷೆಗಳೂ ಅದನ್ನೇ ಹೇಳಿದವು. ನಾಲ್ಕೈದು ಕಾಲೊನಿಗಳನ್ನು ಸಲೈನಿನಲ್ಲಿ ಕಲಕಿ, ಮಸುಕಿನ ಮಟ್ಟವನ್ನು ಅಳತೆಯ ಟ್ಯೂಬಿನ ಪಕ್ಕ ಹಿಡಿದು ಸರಿಹೊಂದಿಸಿ, ಹತ್ತಿಕಡ್ಡಿಯಿಂದ ದೊಡ್ಡ ಪ್ಲೇಟಿನ ಮೇಲೆ ಮೂರು ದಿಕ್ಕಿಗೆ ತಿರುಗಿಸಿ ಸವರಿದೆ. ಹದಿನೈದು ನಿಮಿಷದೊಳಗೆ ಹನ್ನೆರಡು ಡಿಸ್ಕುಗಳನ್ನು ಚಿಮುಟದಿಂದ ಒಂದೊಂದಾಗಿ ಇಟ್ಟೆ. ಔಷಧದಲ್ಲಿ ಅದ್ದಿದ ಕಾಗದದ ಬಿಲ್ಲೆಗಳು ಅವು, 6 ಮಿಲಿಮೀಟರ್ ಅಗಲ. ಸಿಯಾಟಲ್‌ನಲ್ಲಿ ಕರ್ಬಿ, ಬಾಯರ್ ಮತ್ತು ಜೊತೆಗಾರರು ಈ ವಿಧಾನದ ಅಳತೆಗಳನ್ನು 1966ರಲ್ಲಿ ಒಂದು ಕಟ್ಟಿಗೆ ತಂದರು. ಪ್ಲೇಟಿನಲ್ಲಿ ಬ್ಯಾಕ್ಟೀರಿಯಾ ಬೆಳೆಯುವ ಜೆಲ್ಲಿಯಂಥ ಅಗಾರಿನ ದಪ್ಪ 4 ಮಿಲಿಮೀಟರ್ ಇರಬೇಕು ಎನ್ನುವುದನ್ನು ಇವತ್ತಿಗೂ ನಾವು ಮೀರುವುದಿಲ್ಲ. ತೆಳುವಾದರೆ ಔಷಧ ದೂರ ಹರಡಿ ಬಿಲ್ಲೆಯ ಸುತ್ತ ಬ್ಯಾಕ್ಟೀರಿಯಾ ಬೆಳೆಯದ ವೃತ್ತ ದೊಡ್ಡದಾಗುತ್ತದೆ, ಜಗ್ಗದ ಬ್ಯಾಕ್ಟೀರಿಯಾವೂ ಜಗ್ಗಿದಂತೆ ಕಾಣುತ್ತದೆ.

ಬುಧವಾರ ಬೆಳಿಗ್ಗೆ ಪ್ಲೇಟು ಹೊರತೆಗೆದೆ. ಔಷಧ ಕೆಲಸ ಮಾಡಿದ್ದರೆ ಬಿಲ್ಲೆಯ ಸುತ್ತ ಬೆಳೆ ಸುಟ್ಟ ಗದ್ದೆಯ ಹಾಗೆ ಸ್ವಚ್ಛವಾದ ವೃತ್ತ ಬಿದ್ದಿರುತ್ತದೆ. ಈ ಪ್ಲೇಟಿನಲ್ಲಿ ಬ್ಯಾಕ್ಟೀರಿಯಾದ ಹಾಸು ಬಿಲ್ಲೆಯ ಅಂಚಿನವರೆಗೂ ಬಂದು ನಿಂತಿತ್ತು. ಸೆಫಿಕ್ಸಿಮ್, ಸೆಫ್ಟ್ರಿಯಾಕ್ಸೋನ್, ಸಿಪ್ರೋಫ್ಲಾಕ್ಸಾಸಿನ್, ಒಂದೊಂದರ ಮುಂದೆಯೂ 6 ಎಂದು ಬರೆಯುತ್ತಾ ಹೋದೆ. ವೃತ್ತವೇ ಇಲ್ಲದಾಗ ಬಿಲ್ಲೆಯ ಅಗಲವನ್ನೇ ಬರೆಯುವುದು ನಮ್ಮ ಕ್ರಮ. ಎಸ್, ಆರ್ ಮಿತಿಗಳು ಒಂದೊಂದು ಔಷಧಕ್ಕೂ ಬೇರೆ. ಮೆರೊಪೆನಮ್ ಬಿಲ್ಲೆಯ ಸುತ್ತಲಿನ ವೃತ್ತದ ಅಗಲ 23 ಮಿಲಿಮೀಟರ್ ಅಥವಾ ಹೆಚ್ಚು ಇದ್ದರೆ ಎಸ್, 19 ಅಥವಾ ಕಡಿಮೆ ಇದ್ದರೆ ಆರ್. ಅದರ ಮುಂದೆಯೂ 6. ಉಳಿದದ್ದು ಅಮಿಕಾಸಿನ್ ಒಂದೇ, 21. ಅದರ ಮಿತಿಯ ಪ್ರಕಾರ ಇದು ಎಸ್. ಆ ಒಂದು ವೃತ್ತವನ್ನು ಸ್ಕೇಲಿಟ್ಟು ಮೂರು ಸಲ ಅಳೆದೆ. ಬಿಲ್ಲೆಗಳು ಸರಿಯಿವೆಯೇ ಎಂದು ನೋಡಲು ಇಟ್ಟುಕೊಂಡ ಮಾದರಿ ಬ್ಯಾಕ್ಟೀರಿಯಾವನ್ನು ಆ ವಾರವೇ ಪರೀಕ್ಷಿಸಿದ್ದೆವು, ಅಮಿಕಾಸಿನ್‌ಗೆ ಅದರ ಅಳತೆ ಇರಬೇಕಾದ 19ರಿಂದ 26ರ ಒಳಗೇ ಇತ್ತು. ಹಾಗಾಗಿ ಬಿಲ್ಲೆಯಲ್ಲಿ ದೋಷವಿಲ್ಲ, 21 ನಿಜವಾದ 21 ಎಂದು ಖಚಿತವಾದ ಮೇಲೆಯೇ ಎಸ್ ಎಂದು ಬರೆದೆ.

ಒಂದು ಮಿಲಿಮೀಟರಿಗಾಗಿ ಮೂರು ಸಲ ಅಳೆದವಳು, ಅದೇ ಮಧ್ಯಾಹ್ನ ಒಂದು ಪ್ರಶ್ನೆಗೆ ತಲೆ ಎತ್ತಲಿಲ್ಲ. ಮೂರು ದಿನಗಳಿಂದ ನಿದ್ದೆಗೆ ಅಡ್ಡ ಬರುತ್ತಿರುವುದು ಇದೇ.

ಹೊರಗೆ ಓಡಿದೆ. "ಯಜಮಾನರೇ, ಸ್ವಲ್ಪ ನಿಲ್ಲಿ." ಅವರು ಫೋನನ್ನು ಎದೆಗೆ ಒತ್ತಿ ಹಿಡಿದು ನಗುಮುಖದಿಂದ ತಿರುಗಿದರು. ಆ ನಗುವನ್ನು ನಾನೇ ಕೆಡಿಸಬೇಕಾಗಿತ್ತು. ಆರ್ ಎಂದರೆ ರೈಟ್ ಅಲ್ಲ ಎಂದೆ. ಇಂಡೆಂಟ್ ಕಾಗದದ ಹಿಂಬದಿಯಲ್ಲಿ ಒಂದು ದೊಡ್ಡ ವೃತ್ತ ಬರೆದು, ಒಳಗೆ ಹನ್ನೆರಡು ಚುಕ್ಕಿ ಇಟ್ಟು, ಒಂದರ ಸುತ್ತ ಮಾತ್ರ ಗೆರೆ ಎಳೆದು ತೋರಿಸಿದೆ. ಅವರು ಬಹಳ ಹೊತ್ತು ನೋಡಿದರು.

"ಅಂದರೆ ನಮ್ಮ ಮನೆಯವಳ ಮೈಗೆ ಈ ಮಾತ್ರೆಗಳು ಒಗ್ಗಿಹೋಗಿವೆಯೇ?"

"ಮೈಗೆ ಅಲ್ಲ. ಒಳಗಿರುವ ಕ್ರಿಮಿಗೆ. ಅಮ್ಮನವರ ಮೈ ಹಾಗೇ ಇದೆ, ಈ ಕ್ರಿಮಿಯೇ ಔಷಧಿಯನ್ನು ತಡೆಯುವುದನ್ನು ಕಲಿತುಬಿಟ್ಟಿದೆ."

"ಹಾಗಾದರೆ ಔಷಧಿ ನಾಟುವುದಿಲ್ಲ ಎನ್ನಿ."

"ಹೌದು" ಎಂದೆ. ಅಷ್ಟೇ ಹೇಳಲು ಸಾಧ್ಯವಾಯಿತು. ಹದಿನೇಳು ವರ್ಷಗಳಲ್ಲಿ ನನಗೆ ಹೊಳೆಯದ ಮಾತನ್ನು ಅವರು ಒಂದೇ ಉಸಿರಿನಲ್ಲಿ ಹೇಳಿದ್ದರು.

ಮದ್ದು ನಾಟಿತು, ಮದ್ದು ನಾಟಲಿಲ್ಲ ಎಂದು ನನ್ನ ಅಜ್ಜಿಯೂ ಹೇಳುತ್ತಿದ್ದಳು. ನಾವು ಜಾಗೃತಿ ಸಪ್ತಾಹದಲ್ಲಿ ಗೋಡೆಗೆ ಅಂಟಿಸುವ ಕಾಗದದಲ್ಲಿ ಬರೆಯುವುದು "ಪ್ರತಿಜೀವಕ ನಿರೋಧಕತೆ" ಎಂದು. ಓದುವವರ ಕಿವಿಯಲ್ಲಿ ಆ ಮಾತು ಏನಾಗಬಹುದು ಎಂದು ಈ ವಾರವೇ ಮೊದಲು ಯೋಚಿಸಿದೆ. ಕೊರೊನಾ ಕಾಲದಿಂದ ಮನೆಮನೆಗೂ ಗೊತ್ತಿರುವುದು "ರೋಗನಿರೋಧಕ ಶಕ್ತಿ". ಅದು ಒಳ್ಳೆಯದು; ಹೆಚ್ಚಬೇಕು; ಅದಕ್ಕಾಗಿ ಕಷಾಯ ಕುಡಿಯಬೇಕು. ಹಾಗಿರುವಾಗ "ನಿರೋಧಕತೆ ಹೆಚ್ಚುತ್ತಿದೆ" ಎಂದು ನಾವು ಬರೆದರೆ ಜನ ಯಾಕೆ ಗಾಬರಿಯಾಗಬೇಕು? ಯಾರ ನಿರೋಧ, ಯಾವುದರ ವಿರುದ್ಧ ಎನ್ನುವುದು ಆ ಪದದಲ್ಲಿ ಎಲ್ಲಿಯೂ ಇಲ್ಲ. ಎಸ್ ಅಕ್ಷರಕ್ಕೆ ಕೆಲವರು ಬಳಸುವ "ಸಂವೇದನಾಶೀಲ" ಇನ್ನೂ ದೂರದ್ದು. ಕವಿಯ ಮನಸ್ಸಿಗೆ ಹೇಳುವ ಮಾತನ್ನು ಕ್ಲೆಬ್ಸಿಯೆಲ್ಲಾಗೆ ಹೇಳಿದರೆ ಕಂಡಕ್ಟರ್ ಒಬ್ಬರು ಏನು ತಿಳಿಯಬೇಕು?

ಅಕ್ಷರಗಳ ಗೊಂದಲ ಬಲ್ಲವರನ್ನೂ ಬಿಟ್ಟಿಲ್ಲ. ವರದಿಯಲ್ಲಿ ಐ ಎಂಬ ಮೂರನೆಯ ಅಕ್ಷರವೂ ಬರುತ್ತದೆ. ಎರಡರ ನಡುವಿನದು ಎಂಬ ಅರ್ಥದಲ್ಲಿಯೇ ನಾವು ಅದನ್ನು ಕಲಿತದ್ದು. 2019ರಲ್ಲಿ ಈ ಪರೀಕ್ಷೆಯ ಮಿತಿಗಳನ್ನು ನಿರ್ಧರಿಸುವ ಯೂರೋಪಿನ ಸಮಿತಿ ಅಕ್ಷರವನ್ನು ಹಾಗೇ ಉಳಿಸಿ ಅರ್ಥವನ್ನು ಬದಲಿಸಿತು: ಔಷಧದ ಪ್ರಮಾಣ ಹೆಚ್ಚಿಸಿದರೆ ಕೆಲಸ ಮಾಡುತ್ತದೆ ಎಂದು. ಅಮೆರಿಕದ ನಿಯಮ ಬೇರೆಯೇ ಇದೆ, ಅದರ ಪ್ರಕಾರ ಕೊಲಿಸ್ಟಿನ್ ಎಂಬ ಕಡೆಯ ಔಷಧಕ್ಕೆ ಈ ಬಗೆಯ ಬ್ಯಾಕ್ಟೀರಿಯಾಗಳಲ್ಲಿ ಎಸ್ ಎನ್ನುವುದೇ ಈಗ ಇಲ್ಲ. ಐ ಅಥವಾ ಆರ್ ಮಾತ್ರ. ಕೊಲಿಸ್ಟಿನ್ನಿನ ಅಣು ದೊಡ್ಡದು, ಅಗಾರಿನಲ್ಲಿ ಸರಿಯಾಗಿ ಹರಡುವುದಿಲ್ಲ, ಆದ್ದರಿಂದ ಅದನ್ನು ಬಿಲ್ಲೆಯಿಟ್ಟು ಪರೀಕ್ಷಿಸಲೂ ಬಾರದು. ಇಷ್ಟೆಲ್ಲ ಸೂಕ್ಷ್ಮಗಳನ್ನು ಹೊತ್ತ ಅಕ್ಷರಗಳನ್ನು ವಿವರಣೆಯ ಒಂದು ಸಾಲೂ ಇಲ್ಲದೆ ಮಡಚಿ ಕಿಟಕಿಯಿಂದ ಆಚೆ ಕೊಡುತ್ತೇವೆ. ವೈದ್ಯರು ಓದುತ್ತಾರೆ ಎಂಬುದು ನಮ್ಮ ಧೈರ್ಯ. ನಿಜ, ಓದುತ್ತಾರೆ. ಆದರೆ ಕಾಗದ ವೈದ್ಯರನ್ನು ತಲುಪುವ ಮೊದಲು ಮನೆಯವರ ಕೈಯಲ್ಲಿ ಇರುತ್ತದೆ. ಎಷ್ಟೋ ಸಲ ವೈದ್ಯರನ್ನು ತಲುಪುವುದೇ ಇಲ್ಲ. ಜ್ವರ ಕಡಿಮೆಯಾಯಿತು ಎಂದು ಬಿಡುಗಡೆ ಮಾಡಿಸಿಕೊಂಡು ಹೋದವರು ವರದಿಯನ್ನು ಮೆಡಿಕಲ್ ಶಾಪಿನಲ್ಲಿ ತೋರಿಸಿ "ಇದರಲ್ಲಿ ಯಾವುದು ಒಳ್ಳೆಯದು ಕೊಡಿ" ಎನ್ನುತ್ತಾರೆ.

ಹೀಗೆ ಕಾಗದವನ್ನು ಸಂತೋಷದಿಂದ ಮಡಚಿ ಜೇಬಿಗಿಟ್ಟುಕೊಂಡು ಹೋದವರು ಈ ಹದಿನೇಳು ವರ್ಷಗಳಲ್ಲಿ ಎಷ್ಟು ಮಂದಿ ಇದ್ದರೋ!

ಬುಧವಾರಕ್ಕೇ ಮರಳುತ್ತೇನೆ. ಮಾತು ಮುಗಿದ ಮೇಲೆ ಅವರು ಚೀಲದಿಂದ ಒಂದು ಪ್ಲಾಸ್ಟಿಕ್ ಕವರ್ ತೆಗೆದರು. ಒಳಗೆ ಮಾತ್ರೆಯ ಸ್ಟ್ರಿಪ್‌ಗಳು, ಟಿಕೆಟ್ ಕಟ್ಟಿನಂತೆ ನೀಟಾಗಿ ಜೋಡಿಸಿ ರಬ್ಬರ್ ಬ್ಯಾಂಡ್ ಹಾಕಿದ್ದವು. ಈ ಎಂಟು ತಿಂಗಳಲ್ಲಿ ಮನೆಯವರಿಗೆ ಉರಿಮೂತ್ರ ಬಂದಾಗಲೆಲ್ಲ ತಂದುಕೊಟ್ಟವು. ಸೆಫಿಕ್ಸಿಮ್ ಹತ್ತರಲ್ಲಿ ನಾಲ್ಕು ಖಾಲಿ. ಸಿಪ್ರೋಫ್ಲಾಕ್ಸಾಸಿನ್ ಎರಡು ಖಾಲಿ. ಇನ್ನೊಂದು ಸೆಫಿಕ್ಸಿಮ್, ಬೇರೆ ಕಂಪನಿಯದು, ಮೂರು ಖಾಲಿ. "ಉರಿ ನಿಂತ ಮೇಲೆ ಯಾಕೆ ಸುಮ್ಮನೆ ಎಂದು ಇಟ್ಟೆವು ತಾಯಿ. ಮುಂದಿನ ಸಲಕ್ಕೆ ಆಗುತ್ತದಲ್ಲ." ಒಂದು ಮಾತ್ರೆಯನ್ನೂ ಎಸೆದಿರಲಿಲ್ಲ. ಪೈಸೆ ಪೈಸೆಗೆ ಲೆಕ್ಕ ಒಪ್ಪಿಸಿ ಬದುಕಿದವರ ಜೋಪಾನ ಅದು. ಅದನ್ನು ಅಜ್ಞಾನ ಎಂದು ಕರೆಯಲು ನನಗೆ ಮನಸ್ಸಾಗುವುದಿಲ್ಲ. ಸ್ಟ್ರಿಪ್ಪಿನ ಎಡ ಅಂಚಿಗೆ ಉದ್ದಕ್ಕೂ ಇರುವ ಕೆಂಪು ಗೆರೆಯನ್ನು ತೋರಿಸಿ ಇದೇನು ಗೊತ್ತೇ ಎಂದು ಕೇಳಿದೆ. "ಪವರ್ ಜಾಸ್ತಿ ಇರುವ ಮಾತ್ರೆ ಎಂದು ಗುರುತಲ್ಲವೇ?" ಎಂದರು. ವೈದ್ಯರ ಚೀಟಿ ಇಲ್ಲದೆ ತೆಗೆದುಕೊಳ್ಳಬೇಡಿ ಎಂದು ಹೇಳುವುದಕ್ಕೆ ಇರುವ ಗೆರೆ. ಸರ್ಕಾರ 2016ರಿಂದ ಅದರ ಬಗ್ಗೆ ಪ್ರಚಾರವನ್ನೂ ಮಾಡಿದೆ. ಆ ಗೆರೆಯನ್ನೂ ಅವರು ತಮ್ಮ ಪ್ರಾಮಾಣಿಕ ಊಹೆಯಿಂದ ತಿರುಗುಮುರುಗಾಗಿ ಓದಿದ್ದರು.

ಮೆಡಿಕಲ್ ಶಾಪಿನವರ ಮೇಲೆ ಮಾತ್ರ ನನ್ನ ಸಿಟ್ಟು ಇಳಿದಿಲ್ಲ. ಸೆಫಿಕ್ಸಿಮ್ ಎಚ್ 1 ಪಟ್ಟಿಯಲ್ಲಿದೆ, ಅಂದರೆ ಚೀಟಿ ಇಲ್ಲದೆ ಮಾರಬಾರದ ಔಷಧಗಳ ಸರ್ಕಾರಿ ಪಟ್ಟಿಯಲ್ಲಿ. 2014ರ ಮಾರ್ಚ್‌ನಿಂದ, ಅದನ್ನು ಕೊಟ್ಟಾಗ ವೈದ್ಯರ ಹೆಸರು, ರೋಗಿಯ ಹೆಸರು, ಎಷ್ಟು ಕೊಟ್ಟೆ ಎಂಬುದನ್ನು ಬೇರೆ ರಿಜಿಸ್ಟರಿನಲ್ಲಿ ಬರೆದು ಮೂರು ವರ್ಷ ಕಾಪಾಡಬೇಕು. ಈ ಯಜಮಾನರಿಂದ ಯಾರೂ ಚೀಟಿ ಕೇಳಿರಲಿಲ್ಲ. ಕೌಂಟರಿನಾಚೆ ನಿಂತವರಿಗೆ ಎಚ್ 1 ಎಂಬುದರ ಅರ್ಥ ಚೆನ್ನಾಗಿ ಗೊತ್ತು. ಗೊತ್ತಿಲ್ಲದೆ ತಪ್ಪು ಓದಿದವರನ್ನೂ ಗೊತ್ತಿದ್ದೂ ಮುಖ ತಿರುಗಿಸಿದವರನ್ನೂ ನಾನು ಒಂದೇ ತಕ್ಕಡಿಯಲ್ಲಿ ಇಡಲಾರೆ. ಕಿಟಕಿಯೊಳಗೆ ತಲೆ ಬಗ್ಗಿಸಿ ಕುಳಿತಿದ್ದ ನಾನು ಆ ತಕ್ಕಡಿಯ ಯಾವ ತಟ್ಟೆಯಲ್ಲಿ ಇದ್ದೇನೆ ಎಂದು ಕೇಳಿಕೊಂಡರೆ ಉತ್ತರ ಹಿತವಾಗಿಲ್ಲ.

ಗುರುವಾರ ಬೆಳಿಗ್ಗೆ ನಮ್ಮ ವಿಭಾಗದ ಡಾಕ್ಟರ ಬಳಿ ಹೋದೆ. ವರದಿಯ ಕೆಳಗೆ ಕನ್ನಡದಲ್ಲಿ ಎರಡು ಸಾಲು ಬೇಕು ಎಂದೆ: ಎಸ್ ಎಂದರೆ ಈ ಔಷಧ ಈ ಕ್ರಿಮಿಗೆ ನಾಟುತ್ತದೆ, ಆರ್ ಎಂದರೆ ನಾಟುವುದಿಲ್ಲ, ಯಾವುದನ್ನು ಕೊಡಬೇಕೆಂದು ವೈದ್ಯರೇ ನಿರ್ಧರಿಸುತ್ತಾರೆ. ಅವರು ಒಳ್ಳೆಯವರು, ಕೇಳಿಸಿಕೊಂಡರು. ವರದಿಯ ನಮೂನೆ ಕಂಪ್ಯೂಟರಿನಲ್ಲಿ ಕೂತಿದೆ, ಬದಲಿಸಲು ಮೇಲಿನವರ ಒಪ್ಪಿಗೆ ಬೇಕು, ನೋಡೋಣ ಎಂದರು. "ನಾಟುತ್ತದೆ" ಎಂಬುದು ಶಾಸ್ತ್ರೀಯ ಪದವಲ್ಲವಲ್ಲ ಎಂದೂ ಕೇಳಿದರು. ಅಲ್ಲ, ಆದರೆ ಅದನ್ನು ಯಾರೂ ಅಡಿಮೇಲಾಗಿ ಓದಲಾರರು ಎಂದೆ. ಒಪ್ಪಿಗೆ ಬರುವವರೆಗೆ ಕಾಯುವುದು ನನ್ನಿಂದಾಗಲಿಲ್ಲ. ಎರಡು ಸಾಲನ್ನೂ ದಪ್ಪ ಅಕ್ಷರದಲ್ಲಿ ಬರೆದು ಕಿಟಕಿಯ ಗಾಜಿಗೆ ಹೊರಮುಖವಾಗಿ ಅಂಟಿಸಿದ್ದೇನೆ. ಶುಕ್ರವಾರ ಒಬ್ಬ ಹೆಂಗಸು ವರದಿಯನ್ನೂ ಅದನ್ನೂ ಅಕ್ಕಪಕ್ಕ ಹಿಡಿದು ಬೆರಳಿಟ್ಟು ಓದುತ್ತಿದ್ದಳು. ಅವಳದ್ದರಲ್ಲಿ ಎಸ್‌ಗಳು ಬಹಳ ಇದ್ದವು.

ಬುಧವಾರ ಸಂಜೆಯೇ ಅಮಿಕಾಸಿನ್ ಇಂಜೆಕ್ಷನ್ ಶುರುವಾಯಿತು. ಆ ಔಷಧ ಕಿಡ್ನಿಗೂ ಕಿವಿಗೂ ತೊಂದರೆ ಕೊಡಬಹುದಾದ್ದರಿಂದ ದಿನವೂ ರಕ್ತಪರೀಕ್ಷೆಗೆ ಬರೆಯುತ್ತಿದ್ದಾರೆ, ಆ ಟ್ಯೂಬುಗಳು ನಮ್ಮ ಪಕ್ಕದ ವಿಭಾಗಕ್ಕೆ ಬರುತ್ತವೆ. ಗುರುವಾರ ರಾತ್ರಿ ಜ್ವರ ಇಳಿದಿತ್ತಂತೆ. ನಿನ್ನೆ ಸಂಜೆ ಮತ್ತೆ ಸ್ವಲ್ಪ ಕಾಣಿಸಿತಂತೆ. ಹಾಗಾಗಿ ಇವತ್ತು ಇನ್ನೊಮ್ಮೆ ಮೂತ್ರದ ಕಲ್ಚರಿಗೆ ಬರೆದಿದ್ದಾರೆ. ಸ್ಯಾಂಪಲ್ಲನ್ನು ಆಯಾಳ ಕೈಗೆ ಕೊಡದೆ ಯಜಮಾನರು ತಾವೇ ಹಿಡಿದುಕೊಂಡು ಬಂದರು, ಎರಡೂ ಕೈಯಲ್ಲಿ.

ಗಾಜಿನ ಮೇಲಿನ ಕಾಗದವನ್ನು ನಿಂತು ಓದಿದರು. ತಮ್ಮದೇ ಮಾತು ಎಂದು ಗುರುತಿಸಿದರೋ ಇಲ್ಲವೋ, ಏನೂ ಹೇಳಲಿಲ್ಲ.

"ನಾಟಿದೆಯೋ ಇಲ್ಲವೋ ನಾಳೆ ಗೊತ್ತಾಗುತ್ತದೆಯೇ ತಾಯಿ?"

ಬೆಳಿಗ್ಗೆ ಹತ್ತರ ಹೊತ್ತಿಗೆ ಪ್ಲೇಟು ನೋಡಬಹುದು ಎಂದೆ. ಅವರು ಹೋದ ಮೇಲೆ ಲೂಪ್ ತೆಗೆದುಕೊಂಡು ಸ್ಯಾಂಪಲ್ಲನ್ನು ಗೀರಿ, ಪ್ಲೇಟಿನ ಬೆನ್ನಿಗೆ ನಂಬರ್ ಬರೆದು ಇನ್‌ಕ್ಯುಬೇಟರಿನ ಎರಡನೆಯ ತಟ್ಟೆಯಲ್ಲಿ ಇಟ್ಟು ಬಂದಿದ್ದೇನೆ. ನಾಳೆ ಭಾನುವಾರ, ನನ್ನ ಪಾಳಿ ಇಲ್ಲ. ಹತ್ತು ಗಂಟೆಗೆ ಹೋಗುತ್ತೇನೆ.