ಸಾವಿರದ ಹಿಂಡಿನಲ್ಲಿ ಒಂದು ಹಸು

ಬಸ್ಟರ್ ಕೀಟನ್ ನಿರ್ದೇಶಿಸಿ ನಟಿಸಿದ 1925ರ ಮೂಕಿ ಚಿತ್ರ ‘ಗೋ ವೆಸ್ಟ್’ ಅನ್ನು ಈ ವಾರ ನಮ್ಮ ಸೋದರತ್ತೆಗೆ ತೋರಿಸಿದೆ. ಆಯುಷ್ಯದ ಬಹುಪಾಲನ್ನು ಕೊಟ್ಟಿಗೆಯಲ್ಲೇ ಕಳೆದ ಅವರಿಗೆ, ಹಸುವೇ ನಾಯಕಿಯಾಗಿರುವ ಹಾಸ್ಯಚಿತ್ರ ಹಿಡಿಸೀತೆಂದು ನನ್ನ ಎಣಿಕೆ. ಹಾಲು ಕರೆಯಲು ಹೇಳಿದರೆ ಕೀಟನ್ ಬಕೆಟ್ ಇಟ್ಟು, ಹಸು ತಾನಾಗಿಯೇ ಹಾಲು ಸುರಿಸೀತೆಂದು ಕಾಯುತ್ತ ಕೂರುವುದನ್ನು ಕಂಡು ಅವರು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ಬ್ರೌನ್ ಐಸ್ ಎಂಬ ಆ ಹಸುವಿನ ಗೊರಸಿಗೆ ಸಿಕ್ಕಿದ್ದ ಕಲ್ಲನ್ನು ಅವನು ತೆಗೆದಾಗ ಮಾತ್ರ, ಇಷ್ಟಾದರೂ ಗೊತ್ತಲ್ಲ ಎನ್ನುವಂತೆ ತಲೆಯಾಡಿಸಿದರು.

ಕಸಾಯಿಖಾನೆಗೆ ಹೊರಟ ಹಿಂಡಿನಲ್ಲಿ ಬ್ರೌನ್ ಐಸ್ ಕೂಡ ಸೇರಿಹೋಗುತ್ತಾಳೆ. ಅವಳ ಬೆನ್ನು ಬಿಡದೆ ರೈಲು ಹತ್ತಿದ ಕೀಟನ್, ಕೊನೆಗೆ ಕೆಂಪು ಸೈತಾನನ ವೇಷ ತೊಟ್ಟು, ಲಾಸ್ ಏಂಜಲೀಸ್ ಬೀದಿಗಳಲ್ಲಿ ಚೆದುರಿದ ರಾಸುಗಳನ್ನೆಲ್ಲ ತನ್ನ ಹಿಂದೆ ಓಡಿಸಿಕೊಂಡು ಹೋಗುತ್ತಾನೆ. ಕ್ಷೌರದಂಗಡಿಯೊಳಗೆ ದನ ನುಗ್ಗುವ ಹೊತ್ತಿಗೆ ನಾನು ಬಿದ್ದುಬಿದ್ದು ನಗುತ್ತಿದ್ದೆ. ಅತ್ತೆ ಕೇಳಿದರು: “ಅಲ್ಲ ಕಣೋ, ಒಂದನ್ನು ಉಳಿಸಿಕೊಂಡವನು ಮಿಕ್ಕಿದ್ದನ್ನೆಲ್ಲ ತಾನೇ ಹೊಡ್ಕೊಂಡು ಹೋಗಿ ಕಟುಕರಿಗೆ ಒಪ್ಪಿಸಿದನಲ್ಲ?”

ಹೌದು, ಒಪ್ಪಿಸಿದ. ಯಜಮಾನ ದಿವಾಳಿಯಾಗದಿರಲೆಂದು ಆ ಸಾವಿರ ರಾಸುಗಳನ್ನು ಮುಟ್ಟಬೇಕಾದಲ್ಲಿಗೆ ಮುಟ್ಟಿಸಿದ. ಚಿತ್ರದ ಪಾಲಿಗೆ ಅದೇ ಅವನ ಸಾಹಸ. ಅನೇಕ ಸಲ ನೋಡಿದ್ದರೂ ನನಗೆ ಕಾಣದಿದ್ದುದು, ಭಾವುಕತೆಯನ್ನು ಹತ್ತಿರ ಸೇರಿಸದ ಈ ಹೆಂಗಸಿಗೆ ಒಂದೇ ನೋಟಕ್ಕೆ ಕಂಡಿತು. ಆ ಮಾತನ್ನು ಮತ್ತೆ ಮತ್ತೆ ನೆನೆಯುತ್ತಿದ್ದಂತೆ ಚಾಪ್ಲಿನ್‌ನ 1918ರ ‘ಎ ಡಾಗ್ಸ್ ಲೈಫ್’ ಕೂಡ ಬೇರೆಯಾಗಿ ಕಾಣತೊಡಗಿತು. ಅಲ್ಲಿಯೂ ಸ್ಕ್ರ್ಯಾಪ್ಸ್ ಎಂಬ ನಾಯಿ ಮಾತ್ರ ಅವನ ಮಡಿಲು ಸೇರುತ್ತದೆ, ಅದನ್ನು ಅಟ್ಟಿಸಿಕೊಂಡು ಬಂದ, ಅಷ್ಟೇ ಹಸಿದ ಬೀದಿನಾಯಿಗಳು ಬರಿಯ ಗದ್ದಲವಾಗಿ ಉಳಿಯುತ್ತವೆ. ಹೆಸರಿಟ್ಟದ್ದಕ್ಕೆ ಪ್ರೀತಿ, ಹೆಸರಿಲ್ಲದ್ದು ಓಡಲು, ಬೀಳಲು, ನಗಿಸಲು. ಕೀಟನ್‌ನನ್ನು ನಾನು ದೂರಲಾರೆ. ಆ ಹಸುವನ್ನು ತಾನೇ ಪಳಗಿಸಿದವನು, ಚಾಪ್ಲಿನ್‌ನಂತೆ ನಮ್ಮಿಂದ ಕಣ್ಣೀರು ಬೇಡದವನು.

ಅತ್ತೆಯ ಕೊಟ್ಟಿಗೆಯಲ್ಲಿಯೂ ಗೌರಿ, ತುಂಗೆಯರಿಗೆ ಹೆಸರಿತ್ತು, ಗಂಡುಕರುಗಳಿಗೆ ಇರಲಿಲ್ಲ. ಅದನ್ನು ನೆನಪಿಸಿದಾಗ ಅವರು ಅಳುಕಲಿಲ್ಲ. “ಮಾರೋದಕ್ಕೆ ಅಂತಲೇ ಹೆಸರಿಡ್ತಿರಲಿಲ್ಲ” ಎಂದರು.