ಬೋಳು ಕೊಂಬೆಯ ಮೊಗ್ಗು

ಕಲಬುರಗಿ ಬಿಸಿಲಿಗೆ ತುಳಸಿಯೇ ಬಾಡಿ ಕೂತಿದೆ. ಮಾಳಿಗೆ ಮೇಲಿನ ದೇವಕಣಗಿಲೆ ಮಾತ್ರ ಇವತ್ತು ಮೊಗ್ಗು ಬಿಟ್ಟಿದೆ!

ಒಂದು ಎಲೆಯೂ ಇಲ್ಲ, ಬರೀ ಬೂದು ಕೊಂಬೆ. ತುದಿಯಲ್ಲಿ ಪುಟ್ಟ ಗೊಂಚಲು. ಒಂದೊಂದು ಮೊಗ್ಗೂ ತಿರುಚಿಕೊಂಡು, ಅಂಚಿಗೆ ನಸುಗೆಂಪು.

"ಸತ್ತ ಗಿಡಕ್ಕ ಯಾಕ್ರೀ ನೀರು ಹಾಕ್ತೀರಿ?" ಅಂತ ಎದುರುಮನೆ ಅಕ್ಕ ನಗುತ್ತಿದ್ದರು. ಇದು ದಪ್ಪ ಕೊಂಬೆಯೊಳಗೇ ನೀರು ಕೂಡಿಟ್ಟುಕೊಳ್ಳುತ್ತದೆ. ಭಾರೀ ಜಾಣ!

ಹವಾಯಿ ದ್ವೀಪ ಅಂದ್ರೆ ಈ ಹೂವಿನ ಹಾರವೇ ನೆನಪಾಗೋದು, ಅಲ್ವಾ? ಅಲ್ಲಿಗೂ ಇದು ಹೊರಗಿನದೇ, 1860ರಲ್ಲಿ ಹೋದದ್ದು. ತವರು ಅಮೆರಿಕ ಖಂಡದ ಬಿಸಿ ನಾಡು. ಗುಡಿ, ದರ್ಗಾ ಅಂಗಳದಲ್ಲಿ ನೋಡಿ ನೋಡಿ ನಾವಂತೂ ನಮ್ಮದೇ ಅಂದ್ಕೊಂಡಿದ್ದೇವೆ. ಇರಲಿ ಬಿಡಿ, ಮೆಣಸಿನಕಾಯಿಯೂ ಅಲ್ಲಿಂದಲೇ ಬಂದದ್ದು.

ಈಗ ಅಕ್ಕನಿಗೂ ಒಂದು ಕೊಂಬೆ ಬೇಕಂತೆ. ಕೊಡ್ತೀನಿ. ಕತ್ತರಿಸಿದ ಕಡೆ ಹಾಲು ಆರುವವರೆಗೆ ನೆರಳಲ್ಲಿ ಇಟ್ಟು ನೆಡಬೇಕು, ಇಲ್ಲಾಂದ್ರೆ ಕೊಳೆಯುತ್ತೆ.