ಭಾನುವಾರದ ಬೆಳಗನ್ನು ಸಾವ್ ಜುವಾವ್‌ಗೆ ಮೀಸಲಿಡಿ

ಬ್ರೆಜಿಲ್‌ನ ಮಿನಾಸ್ ಜೆರೈಸ್ ರಾಜ್ಯದ ಹಳೆಯ ಚರ್ಚ್ ಸಂಗೀತ ಕೇಳಲು ಹೊರಟವರು ನನ್ನಂತೆ ಓರು ಪ್ರೆತು ಎಂಬ ಊರಿನಲ್ಲಿ ಮೂರು ರಾತ್ರಿ ಕಳೆಯಬೇಡಿ, ಅದೇ ರಾಜ್ಯದ ಸಾವ್ ಜುವಾವ್ ದೆಲ್ ರೇ ಊರಿಗೆ ಹೋಗಿ. ಕಡಿದಾದ ಏರಿನ ತುದಿಯಲ್ಲಿ, ಕಿಟಕಿಯೇ ಇಲ್ಲದ ಕೋಣೆಗೆ ನಾನು ಕೊಟ್ಟ ಹಣ ನೆನೆದರೆ ಈಗಲೂ ಹೊಟ್ಟೆ ಉರಿಯುತ್ತದೆ. 1770ರ ಆಪೆರಾ ಮನೆ ನೋಡಲು ಚಂದ. ಆದರೆ ನಾನಿದ್ದ ಮೂರು ಸಂಜೆಯೂ ಅಲ್ಲಿ ಒಂದು ಸ್ವರ ಕೇಳಿಸಲಿಲ್ಲ.

ಹದಿನೆಂಟನೇ ಶತಮಾನದಲ್ಲಿ ಚಿನ್ನದ ಗಣಿಗಳ ಈ ನಾಡಿನಲ್ಲಿ ಪೋರ್ಚುಗೀಸ್ ದೊರೆ ಸನ್ಯಾಸಿ ಮಠಗಳನ್ನು ನಿಷೇಧಿಸಿದ್ದ. ಹೀಗಾಗಿ ಚರ್ಚ್ ಕಟ್ಟಿಸಿದ್ದೂ ಸಂಗೀತಗಾರರನ್ನು ಕರಾರಿನ ಮೇಲೆ ನೇಮಿಸಿದ್ದೂ ಸಹೋದರ ಸಂಘಗಳು, ಅಂದರೆ ಊರಿನ ಸಾಮಾನ್ಯ ಭಕ್ತರ ಕೂಟಗಳು. ಆ ಸಂಗೀತಗಾರರಲ್ಲಿ ಬಹುಪಾಲು ಪಾರ್ದೊಗಳು, ಅಂದರೆ ಬಿಳಿಯರ ಮತ್ತು ಆಫ್ರಿಕನ್ನರ ಮಿಶ್ರ ವಂಶದವರು. ಅವರಲ್ಲೊಬ್ಬ ಸಂಗೀತ ರಚನಕಾರ ಲೋಬೊ ದಿ ಮೆಸ್ಕಿಟಾನ ತಾಯಿ ಗುಲಾಮಳಾಗಿದ್ದವಳು. ಅವನು 1805ರಲ್ಲಿ ರಿಯೊದಲ್ಲಿ ತೀರಿಕೊಂಡ. ಇಂಥವರ ಹಸ್ತಪ್ರತಿಗಳನ್ನು 1940ರ ದಶಕದಲ್ಲಿ ಕುರ್ಟ್ ಲಾಂಗೆ ಎಂಬ ವಿದ್ವಾಂಸ ಹುಡುಕಿ ತೆಗೆಯುವವರೆಗೆ ಹೊರಗಿನವರಿಗೆ ಇವರ ಹೆಸರೇ ಗೊತ್ತಿರಲಿಲ್ಲ. ಈ ಸಂಗೀತವನ್ನು ಬರೋಕ್ ಎನ್ನುತ್ತಾರೆ. ಯುರೋಪಿನ ಹಳೆಯ ಅಲಂಕಾರಮಯ ಶೈಲಿಯ ಆ ಹೆಸರು ಇಲ್ಲಿನ ಚರ್ಚುಗಳ ಕೆತ್ತನೆಯಿಂದ ಅಂಟಿಕೊಂಡದ್ದು. ಕಿವಿಗೆ ಇದು ಬರೋಕ್ ನಂತರ ಬಂದ ಆಸ್ಟ್ರಿಯಾದ ರಚನಕಾರ ಹೈಡನ್ ಕಾಲದ ಸಂಗೀತಕ್ಕೆ ಹೆಚ್ಚು ಹತ್ತಿರ.

ಸಾವ್ ಜುವಾವ್ ದೆಲ್ ರೇಗೆ ಹೊರಟ ಬಸ್ಸಿನಲ್ಲಿ ಎ.ಸಿ. ಆರಿಸುವವರಿರಲಿಲ್ಲ, ನಡುಗುತ್ತಲೇ ಇಳಿದೆ. ಸ್ವೆಟರ್ ಕೈಚೀಲದಲ್ಲೇ ಇರಲಿ. ಆ ಊರಿನಲ್ಲಿ ನನ್ನನ್ನು ಬದುಕಿಸಿದ್ದು ತೂಕದ ಲೆಕ್ಕದಲ್ಲಿ ಬಡಿಸುವ ಒಂದು ಪುಟ್ಟ ಊಟದ ಮನೆ. ಬಿಸಿ ಅನ್ನ, ಗಟ್ಟಿಯಾಗಿ ಬೆಂದ ಕಾಳು, ಬೆಳ್ಳುಳ್ಳಿ ಹಾಕಿ ಬಾಡಿಸಿದ ಸೊಪ್ಪು, ಕುಂಬಳಕಾಯಿ, ಕೊನೆಗೆ ಚೀಸ್ ತುಂಡಿನ ಜೊತೆ ಹಾಲಿನ ಸಿಹಿ. ಅಜ್ಜಿಯ ಮನೆಯ ಸೊಪ್ಪಿನ ಪಲ್ಯವೇ ನೆನಪಾಗಿ ಮೂರು ಹೊತ್ತು ಅಲ್ಲೇ ಉಂಡೆ. ಸಸ್ಯಾಹಾರಿಗಳು ಕಾಳಿನಲ್ಲಿ ಹಂದಿಮಾಂಸ ಇದೆಯೇ ಎಂದು ಪ್ರತಿ ಸಲವೂ ಕೇಳಲೇಬೇಕು.

ಭಾನುವಾರ ಬೆಳಿಗ್ಗೆ, ಎತ್ತರದ ತಾಳೆಮರಗಳ ಹಿಂದಿರುವ ಸಾವ್ ಫ್ರಾನ್ಸಿಸ್ಕೊ ಚರ್ಚಿಗೆ ಹೋದೆ. ಪೂಜೆಯ ನಡುವೆ ರಿಬೇರೊ ಬಾಸ್ತೊಸ್ ವಾದ್ಯವೃಂದ ನುಡಿಸತೊಡಗಿತು. ಟಿಕೆಟ್ ಇಲ್ಲ, ಚಪ್ಪಾಳೆ ಇಲ್ಲ. ನುಡಿಸುವವರು ಆ ಊರಿನವರೇ. ಇದೇ ಊರಿನ ಲೀರಾ ಸಾಂಜುವಾನೆನ್ಸೆ ವಾದ್ಯವೃಂದವಂತೂ 1776ರಲ್ಲಿ ಹುಟ್ಟಿ ಇಂದಿಗೂ ನುಡಿಸುತ್ತಿದೆ. ಹೊರಗಿನವರು ಮರೆತದ್ದನ್ನು ಈ ಊರು ಮರೆತಿರಲೇ ಇಲ್ಲ ಎಂದು ತಿಳಿದಾಗ ಕಣ್ಣು ತುಂಬಿ ಬಂತು.

ಶನಿವಾರವೇ ಹೋಗಿ ತಂಗಿ. ಪೂಜೆಯ ಸಮಯವನ್ನು ಚರ್ಚಿನಲ್ಲೇ ವಿಚಾರಿಸಿ. ಜನ ಬಹಳ ಸೇರುತ್ತಾರೆ, ಅರ್ಧ ಗಂಟೆ ಮೊದಲೇ ಬೆಂಚು ಹಿಡಿಯಿರಿ.